ಓದುಗರ ಪ್ರಶ್ನೆ: ನಕ್ಷತ್ರ ಹಚ್ಚಿದವಳಿಗೊಂದು ಹಾಡು

ಹೋದ ಸಂಚಿಕೆಲಿ ಇಂಗ್ಲಿಷ್ ಲೇಖಕ ಟೋಲ್ಕಿನ್ ಅವರ ಫ್ಯಾಂಟಸಿ ಕಾದಂಬರಿ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಬಗ್ಗೆ ಬರೀತಾ, ಅದರಲ್ಲಿ ಎಲ್ಫ್‌ಗಳು ಅನ್ನೋ ಸಾವಿಲ್ಲದ ಜನ ಹಾಡೋ ಎಲ್ಬೆರೆಥ್ ಅನ್ನೋ ನಕ್ಷತ್ರದೇವತೆಯ ಸ್ತುತಿ ನನಗೆ ತುಂಬಾ ಇಷ್ಟ ಅಂತ ಒಂದೇ ಒಂದು ಸಾಲು ಹೇಳಿ ಮುಂದಕ್ಕೆ ಹೋಗ್ಬಿಟ್ಟಿದ್ದೆ. ಆ ಒಂದು ಸಾಲು ಹಿಡ್ಕೊಂಡೇ ಇಷ್ಟು ಜನ ಬರೀತೀರ ಅಂತ ಅಂದ್ಕೊಂಡಿರ್ಲಿಲ್ಲ, ಅದಕ್ಕೆ ಈ ಸಲದ ಪುಟ ಪೂರ್ತಿ ಆ ಹಾಡಿಗೇ.

ಪ್ರಶ್ನೆ (ತುಮಕೂರಿಂದ ಒಬ್ಬ ತಾಯಿ): ನನ್ನ ಮಗಳು ಒಂಬತ್ತನೇ ಕ್ಲಾಸು, ಇಂಗ್ಲಿಷಲ್ಲೇ ಆ ಪುಸ್ತಕ ಓದ್ತಿದ್ದಾಳೆ. ನೀವು ಹೇಳಿದ ಹಾಡು ಬರೋ ಪುಟ ತೋರಿಸಿ "ಅಮ್ಮಾ, ಇಲ್ಲಿ ಅರ್ಥಾನೇ ಕೊಟ್ಟಿಲ್ಲ, ಪ್ರಿಂಟಿಂಗ್ ತಪ್ಪಾ?" ಅಂತ ಕೇಳಿದ್ಲು. ನನಗೂ ಗೊತ್ತಾಗ್ಲಿಲ್ಲ. ಯಾಕೆ ಅರ್ಥ ಕೊಟ್ಟಿಲ್ಲ, ಅದರಲ್ಲಿ ಏನಿದೆ?

ಉತ್ತರ: ಪ್ರಿಂಟಿಂಗ್ ತಪ್ಪಲ್ಲ ಮೇಡಂ, ಬೇಕಂತಲೇ ಹಾಗೆ ಬಿಟ್ಟಿದ್ದು. 1954ರಲ್ಲಿ ಮೊದಲ ಸಂಪುಟ ಬಂದಾಗ್ಲೂ ಆ ಏಳು ಸಾಲು ಹಾಗೇ ಇತ್ತು, ಅರ್ಥ ಇಲ್ಲದೆ. ಆ ಜಾಗದಲ್ಲಿ ಕಥೆ ಏನಾಗ್ತಿದೆ ನೋಡಿ. ಕಥಾನಾಯಕ ಫ್ರೋಡೋ, ಹಾಬಿಟ್ ಅನ್ನೋ ಗಿಡ್ಡ ಜನರ ಕುಲದವನು, ಗಾಯ ಆಗಿ ಸಾಯೋ ಹಂತಕ್ಕೆ ಹೋಗಿ ಬದುಕಿ ರಿವೆಂಡೆಲ್ ಅನ್ನೋ ಎಲ್ಫ್‌ಗಳ ಮನೆ ಸೇರಿದ್ದಾನೆ, ಊಟ ಆದ್ಮೇಲೆ ಎಲ್ಲರೂ ಒಂದು ದೊಡ್ಡ ಹಜಾರದಲ್ಲಿ ಕೂತಿದ್ದಾರೆ, ವರ್ಷಪೂರ್ತಿ ಅಲ್ಲಿ ಬೆಂಕಿ ಆರೋದೇ ಇಲ್ಲ, ಅದಕ್ಕೇ ಅದರ ಹೆಸರು ಬೆಂಕಿಯ ಹಜಾರ. ತುಂಬಾ ವರ್ಷ ಆದ್ಮೇಲೆ ಸಿಕ್ಕಿರೋ ವಯಸ್ಸಾದ ನೆಂಟ ಬಿಲ್ಬೋ ಜೊತೆ ಒಂದಿಷ್ಟು ಮಾತಾಡೋಣ ಅಂತ ಇಬ್ಬರೂ ಎದ್ದು ಹೊರಗೆ ಹೊರಟಿರ್ತಾರೆ, ಇನ್ನೇನು ಹೊಸಿಲು ದಾಟಬೇಕು, ಅಷ್ಟರಲ್ಲಿ ಹಿಂದಿನಿಂದ ಒಂದೇ ಒಂದು ದನಿ ಏಳುತ್ತೆ. ಫ್ರೋಡೋ ಅಲ್ಲೇ ನಿಂತ್ಬಿಡ್ತಾನೆ. ತಿರುಗಿ ನೋಡಿದ್ರೆ ಮನೆಯ ಯಜಮಾನ ಎಲ್ರಾಂಡ್ ಮುಖದ ಮೇಲೆ ಬೆಂಕಿಯ ಬೆಳಕು, ಪಕ್ಕದಲ್ಲಿ ಮಗಳು ಆರ್ವೆನ್, ಅವಳ ಹತ್ರ ನಿಂತಿರೋ ಆರಗಾರ್ನ್, ಫ್ರೋಡೋಗೆ ದಾರಿ ತೋರಿಸಿ ಕರ್ಕೊಂಡು ಬಂದವನು. ಫ್ರೋಡೋಗೆ ಆ ಭಾಷೆ ಅಷ್ಟೇನೂ ಬರಲ್ಲ. ಅವನು ಕೇಳಿಸ್ಕೊಂಡ ಹಾಗೆ ನಾವೂ ಕೇಳಿಸ್ಕೋಬೇಕು, ಹೊಸಿಲಲ್ಲಿ ನಿಂತು. ಇದು ಎಲ್ಬೆರೆಥ್‌ಗೆ ಹಾಡೋ ಹಾಡು, ಇವತ್ತು ರಾತ್ರಿ ಇದನ್ನ ಇನ್ನೂ ಎಷ್ಟೋ ಸಲ ಹಾಡ್ತಾರೆ ಬಾ ಅಂತ ಬಿಲ್ಬೋ ಹೇಳ್ತಾನೆ, ಅಷ್ಟೇ, ಮುಂದಕ್ಕೆ ಹೋಗ್ತಾರೆ.

ಅರ್ಥ ಗೊತ್ತಾಗ್ದೇನೇ ಒಂದು ಸ್ತುತಿ ಮನಸ್ಸಿಗೆ ಇಳಿಯೋದು ನಮಗೇನು ಹೊಸದಲ್ಲ, ಮನೇಲಿ ಬೆಳಿಗ್ಗೆ ಅಜ್ಜಿ ಹೇಳ್ತಿದ್ದ ಸ್ತೋತ್ರ ಎಷ್ಟು ಜನಕ್ಕೆ ಅರ್ಥ ತಿಳಿದು ಬಾಯಿಗೆ ಬಂದಿದೆ ಹೇಳಿ. ಆದ್ರೆ ಅರ್ಥ ಇತ್ತು, ಪದ ಪದಕ್ಕೂ ಇತ್ತು. ಹದಿಮೂರು ವರ್ಷ ಆದ್ಮೇಲೆ, 1967ರಲ್ಲಿ, ಡೊನಾಲ್ಡ್ ಸ್ವಾನ್ ಅನ್ನೋ ಸಂಗೀತಗಾರರು ಟೋಲ್ಕಿನ್ ಪದ್ಯಗಳಿಗೆ ರಾಗ ಹಾಕಿದ ಪುಸ್ತಕ ಬಂತು, ಅದರ ಕೊನೇಲಿ ಟೋಲ್ಕಿನ್ ಈ ಹಾಡಿನ ಅರ್ಥ ಟಿಪ್ಪಣಿ ಎಲ್ಲಾ ಬರೆದುಕೊಟ್ರು. ಅದನ್ನ ನಾನು ನನ್ನ ಕನ್ನಡದಲ್ಲಿ ಹೇಳೋದಾದ್ರೆ ಹೆಚ್ಚುಕಮ್ಮಿ ಹೀಗೆ: ಓ ಎಲ್ಬೆರೆಥ್, ನಕ್ಷತ್ರ ಹಚ್ಚಿದವಳೇ, ನಕ್ಷತ್ರ ಸಮೂಹದ ವೈಭವ ಬೆಳ್ಳಗೆ ಮಿನುಗ್ತಾ ರತ್ನದ ಹಾಗೆ ಹೊಳೀತಾ ಆಕಾಶದಿಂದ ಓರೆಯಾಗಿ ಇಳಿದು ಬರ್ತಿದೆ, ಮರಗಳು ಹೆಣೆದುಕೊಂಡಿರೋ ಈ ನಡುನಾಡಿನಿಂದ ದೂರ ದೂರಕ್ಕೆ ಕಣ್ಣು ಹಾಯಿಸಿ ನೋಡಿ, ಎಂದೆಂದಿಗೂ ಬಿಳಿಯಾಗಿರೋ ತಾಯಿ, ನಿನಗೆ ಹಾಡ್ತೀನಿ, ಕಡಲಿನ ಈ ದಡದಲ್ಲಿ, ಮಹಾಕಡಲಿನ ಈ ದಡದಲ್ಲಿ ನಿಂತು.

ಕೊನೆ ಸಾಲು ಇನ್ನೊಂದು ಸಲ ಓದಿ. "ಈ ದಡದಲ್ಲಿ" ಅಂತ ಎರಡು ಸಲ ಬರುತ್ತೆ, 'ನೆಫ್ ಆಯಾರ್, ಸೀ ನೆಫ್ ಆಯಾರೋನ್'. ಹಾಡೋರ ಊರು ಆ ದಡದಲ್ಲಿದೆ. ಈ ಎಲ್ಫ್‌ಗಳ ಕುಲ ಎಷ್ಟೋ ಯುಗಗಳ ಹಿಂದೆ ದೇವತೆಗಳ ಮಾತು ಮೀರಿ ಪಶ್ಚಿಮದ ನಾಡು ಬಿಟ್ಟು ಬಂದಿದ್ದು, ಬಂದ ಮೇಲೆ ಅನುಭವಿಸಿದ್ದು ಒಂದೆರಡಲ್ಲ. ಹೊಗಳಿಕೆ ಅಂತ ಶುರುವಾದ ಹಾಡು ಏಳನೇ ಸಾಲಿಗೆ ಬರೋಹೊತ್ತಿಗೆ ಮನೆ ಬಿಟ್ಟು ಬಂದವರ ಹಾಡಾಗಿರುತ್ತೆ. ನಿಮ್ಮ ಮಗಳಿಗೆ ಇಷ್ಟು ಹೇಳಿ, ಆಮೇಲೆ ಆ ಪುಟಕ್ಕೆ ವಾಪಸ್ ಹೋಗಿ ಜೋರಾಗಿ ಓದೋಕೆ ಹೇಳಿ.

ಪ್ರಶ್ನೆ (ಧಾರವಾಡದಿಂದ): ಈ ಎಲ್ಬೆರೆಥ್ ದೇವರಾ? ಹಂಗಿದ್ರೆ ಎಲ್ಫ್‌ಗಳಿಗೆ ಗುಡಿ, ಪೂಜೆ, ಪೂಜಾರಿ ಅಂತ ಯಾಕ ಎಲ್ಲೂ ಬರೂದಿಲ್ಲ?

ಉತ್ತರ: ಸೃಷ್ಟಿ ಮಾಡಿದ ದೇವರು ಅಲ್ಲಿ ಬೇರೆ, ಒಬ್ಬನೇ, ಅವನ ಕೆಳಗೆ ಲೋಕ ನೋಡ್ಕೊಳ್ಳೋ ಮಹಾಶಕ್ತಿಗಳು ಇದ್ದಾರೆ, ಆ ಗುಂಪಿನ ರಾಣಿ ಇವಳು. ಇನ್ನೊಂದು ಎಲ್ಫ್ ಭಾಷೆ ಕ್ವೆನ್ಯಾದಲ್ಲಿ ಇವಳ ಹೆಸರು ವಾರ್ಡಾ. ಎಲ್ಬೆರೆಥ್ ಅಂದ್ರೆ ನಕ್ಷತ್ರಗಳ ರಾಣಿ, ಗಿಲ್ಥೋನಿಯೆಲ್ ಅಂದ್ರೆ ನಕ್ಷತ್ರ ಹಚ್ಚಿದವಳು. ದೀಪ ಹಚ್ಚೋದು ಅಂತೀವಲ್ಲ ಅದೇ ಹಚ್ಚೋದು, ಕನ್ನಡದಲ್ಲಿ ಇದಕ್ಕಿಂತ ಒಳ್ಳೇ ಪದ ನನಗೆ ಸಿಕ್ಕಿಲ್ಲ.

ಗುಡಿ ಪೂಜೆ ಇಲ್ಲದಿರೋದು ಮರೆತು ಬಿಟ್ಟಿದ್ದಲ್ಲ. ಟೋಲ್ಕಿನ್ ನಂಬಿಕೆಯಿಂದ ಗಟ್ಟಿ ಕ್ಯಾಥೊಲಿಕ್, ಅವರ ಅಮ್ಮ 1900ರಲ್ಲಿ ಮನೆಯವರ ವಿರೋಧ ಕಟ್ಕೊಂಡು ಆ ಪಂಥಕ್ಕೆ ಸೇರಿದ್ರು, 1904ರಲ್ಲಿ ಅವರು ತೀರಿಕೊಂಡ ಮೇಲೆ ಮಕ್ಕಳನ್ನ ನೋಡ್ಕೊಂಡಿದ್ದು ಒಬ್ಬ ಪಾದ್ರಿ. 1953ರ ಡಿಸೆಂಬರಲ್ಲಿ ರಾಬರ್ಟ್ ಮರ್ರಿ ಅನ್ನೋ ಗೆಳೆಯರಿಗೆ ಬರೆದ ಪತ್ರದಲ್ಲಿ ಅವರೇ ಹೇಳ್ತಾರೆ, ಧರ್ಮ ಅನ್ನೋದು ಕಥೆಯ ಒಳಗೇ ಕರಗಿ ಹೋಗಿದೆ, ಅದಕ್ಕೇ ಪಂಥ ಆಚರಣೆ ಅಂಥದ್ದನ್ನೆಲ್ಲ ಕಾಲ್ಪನಿಕ ಲೋಕದಿಂದ ತೆಗೆದುಹಾಕಿದೀನಿ ಅಂತ. ಹಾಗಾಗಿ ಅಲ್ಲಿ ಉಳಿದಿರೋದು ಹಾಡು ಮಾತ್ರ. ಮೇರಿ ಮಾತೆಯನ್ನ ಆಕಾಶದ ತಾಯಿ ಅಂತ, ನಕ್ಷತ್ರದ ಜೊತೆ ಸೇರಿಸಿ ಕರೆಯೋ ಕ್ಯಾಥೊಲಿಕ್ ಸ್ತುತಿಗಳ ನೆರಳು ಇದರ ಮೇಲಿದೆ ಅಂತ ಓದಿದವರು ತುಂಬಾ ಜನ, ನನಗೂ ಹಾಗೇ ಅನ್ಸುತ್ತೆ.

ಆದ್ರೆ ಯಾತ್ರೆ ಇದೆ ನೋಡಿ! 1967ರ ಟಿಪ್ಪಣೀಲಿ ಟೋಲ್ಕಿನ್ ಹೇಳೋದು, ಹಾಬಿಟ್‌ಗಳ ನಾಡಿಗೂ ಪಶ್ಚಿಮಕ್ಕೆ ಗೋಪುರದ ಗುಡ್ಡಗಳಿವೆ, ಅಲ್ಲೊಂದು ಗೋಪುರದಲ್ಲಿ ಪಲಾಂಟೀರ್ ಅನ್ನೋ ದೂರದ್ದನ್ನ ತೋರಿಸೋ ಕಲ್ಲು ಇದೆ, ಬೇರೆ ಕಲ್ಲುಗಳ ಹಾಗಲ್ಲದೆ ಅದು ಕಡಲಾಚೆಗೆ ಮಾತ್ರ ನೋಡುತ್ತೆ. ಊರು ಬಿಟ್ಟ ಎಲ್ಫ್‌ಗಳು ಅಲ್ಲಿವರೆಗೆ ನಡ್ಕೊಂಡು ಹೋಗಿ, ಆ ಕಲ್ಲಲ್ಲಿ ತಮ್ಮ ಹಳೇ ದಡ ನೋಡಿ ವಾಪಸ್ ಬರ್ತಾರೆ. ಕಥೆಯ ಶುರುವಲ್ಲಿ ಫ್ರೋಡೋಗೆ ಕಾಡಲ್ಲಿ ರಾತ್ರಿ ಹಾಡ್ತಾ ಎದುರಾಗ್ತಾರಲ್ಲ ಎಲ್ಫ್‌ಗಳು, ಅವರು ಅಂಥಾ ಯಾತ್ರೆ ಮುಗಿಸ್ಕೊಂಡು ಬರ್ತಿದ್ದವರು. ಕಾದಂಬರಿ ಓದುವಾಗ ಇದು ಎಲ್ಲೂ ಗೊತ್ತಾಗಲ್ಲ. ಗೊತ್ತಾದ ಮೇಲೆ "ದೂರಕ್ಕೆ ಕಣ್ಣು ಹಾಯಿಸಿ ನೋಡಿ" ಅನ್ನೋ ಸಾಲು ಸುಮ್ನೆ ಕವಿಮಾತಾಗಿ ಉಳಿಯಲ್ಲ, ನಿಜವಾಗ್ಲೂ ಹೋಗಿ ನೋಡಿ ಬಂದವರ ಬಾಯಿಂದ ಬಂದಿದ್ದು ಅಂತ ಗೊತ್ತಾಗುತ್ತೆ.

ಪ್ರಶ್ನೆ (ಮೈಸೂರಿನ ಕನ್ನಡ ಮೇಷ್ಟ್ರು ಒಬ್ಬರು): ಇದು ನಿಜವಾದ ವ್ಯಾಕರಣ ಇರೋ ಭಾಷೆಯೋ ಅಥವಾ ಕೇಳೋಕೆ ಚೆಂದ ಅಂತ ಜೋಡಿಸಿದ ಶಬ್ದಗಳೋ? ಒಂದು ಉದಾಹರಣೆ ಕೊಟ್ಟು ಹೇಳಿ.

ಉತ್ತರ: ಸರ್, ನಿಮ್ಮ ಪ್ರಶ್ನೆ ನೋಡಿ ನನಗೆ ಎಷ್ಟು ಖುಷಿ ಆಯ್ತು ಅಂದ್ರೆ ಹಳೇ ನೋಟ್‌ಬುಕ್ ಹುಡುಕಿ ತೆಗೆದೆ. ಕಾಲೇಜಲ್ಲಿದ್ದಾಗ ಈ ಏಳು ಸಾಲನ್ನ ಕನ್ನಡ ಲಿಪೀಲಿ ಬರ್ಕೊಂಡಿದ್ದೆ, ಕೆಳಗಡೆ ಕಥೆಯಲ್ಲಿ ಮುಂದೆ ಫ್ರೋಡೋನ ಜೊತೆಗಾರ ಸ್ಯಾಮ್ ಎಲ್ಬೆರೆಥ್‌ನ ಕೂಗೋ ನಾಲ್ಕು ಸಾಲೂ ಬರ್ಕೊಂಡಿದ್ದೆ. ಒಂದು ದಿನ ಎರಡನ್ನೂ ಒಟ್ಟಿಗೆ ನೋಡ್ತಾ ಇದ್ದಾಗ ಒಂದು ಕಡೆ 'ಪಲನ್-ದೀರಿಯೆಲ್', ಇನ್ನೊಂದು ಕಡೆ 'ಪಲನ್-ದಿರಿಯೆಲ್' ಅಂತ ಇತ್ತು. ನಾನೇ ದೀರ್ಘ ತಪ್ಪಾಗಿ ಹಾಕಿದೀನಿ ಅಂದ್ಕೊಂಡು ಹೊಡೆದು ಹಾಕಿದ್ದೆ, ಆ ಗೀಟು ಈಗ್ಲೂ ಇದೆ. ಆಮೇಲೆ ಟಿಪ್ಪಣಿ ಸಿಕ್ಕಿದಾಗ ನೋಡಿದ್ರೆ ಎರಡೂ ಸರಿ! ದೀರ್ಘ ಇದ್ರೆ 'ದೂರ ನೋಡಿ', ಹ್ರಸ್ವ ಇದ್ರೆ 'ದೂರ ನೋಡ್ತಾ'. ನಮ್ಮ 'ನೋಡಿ', 'ನೋಡುತ್ತಾ' ಇದ್ದ ಹಾಗೆ, ಒಂದು ಮುಗಿದ ಕೆಲಸ, ಇನ್ನೊಂದು ನಡೀತಿರೋದು. ರಿವೆಂಡೆಲ್‌ನ ಹಾಡಲ್ಲಿ ನೋಡಿದವರು ಇಲ್ಲಿ ನೆಲದ ಮೇಲಿರೋ ಎಲ್ಫ್‌ಗಳು, ಅವರು ನೋಡಿ ಬಂದಾಗಿದೆ. ಸ್ಯಾಮ್ ಕೂಗಲ್ಲಿ ನೋಡ್ತಿರೋದು ಅವಳು, ಆಕಾಶದಿಂದ, ಈ ಕ್ಷಣ. ಒಂದೇ ಒಂದು ದೀರ್ಘದಲ್ಲಿ ಹಾಡಿನ ದಿಕ್ಕೇ ತಿರುಗಿಬಿಡುತ್ತೆ.

ಇನ್ನೊಂದು, ನೀವು ಕನ್ನಡ ಮೇಷ್ಟ್ರು ಅಂತಲೇ ಹೇಳ್ತಿದೀನಿ. 'ನೋಡು', 'ಕಾಯು' ಅನ್ನೋ ಅರ್ಥದ ಧಾತು 'ತಿರ್', ಆದ್ರೆ ಇಲ್ಲಿ 'ದಿರ್' ಆಗಿದೆ. ಯಾಕೆ ಅಂದ್ರೆ ಹಾಡು ಇರೋ ಈ ಸಿಂದಾರಿನ್ ಅನ್ನೋ ಎಲ್ಫ್ ಭಾಷೇಲಿ ಸಮಾಸದ ಎರಡನೇ ಪದದ ಮೊದಲಲ್ಲಿ ಪ ತ ಕ ಬಂದ್ರೆ ಬ ದ ಗ ಆಗುತ್ತೆ. ಮಳೆಗಾಲ, ಬೆಟ್ಟದಾವರೆ, ಕಂಬನಿ! ನಾವು ಹೈಸ್ಕೂಲಲ್ಲಿ ಆದೇಶ ಸಂಧಿ ಅಂತ ಉರು ಹೊಡೆದಿದ್ದು. ಟೋಲ್ಕಿನ್ ಇದನ್ನ ತಗೊಂಡಿದ್ದು ವೆಲ್ಷ್ ಭಾಷೆಯಿಂದ, ಕನ್ನಡಕ್ಕೂ ಅದಕ್ಕೂ ಸಂಬಂಧ ಇಲ್ಲ, ಆದ್ರೂ ಕನ್ನಡದ ಕಿವಿಗೆ ಆ ನಿಯಮ ಎಷ್ಟು ಸಲೀಸು ಅಲ್ವಾ. ಚಿಕ್ಕ ಹುಡುಗ ಆಗಿದ್ದಾಗ ಬರ್ಮಿಂಗ್‌ಹ್ಯಾಮ್ ಹತ್ರ ಅವರ ಮನೆ ಹಿಂದೇನೇ ರೈಲು ಹಳಿ ಇತ್ತಂತೆ, ವೇಲ್ಸ್‌ನಿಂದ ಬರೋ ಕಲ್ಲಿದ್ದಲು ಗಾಡಿಗಳ ಮೇಲೆ ಬರೆದಿದ್ದ ಊರ ಹೆಸರುಗಳನ್ನ ನೋಡಿ ನೋಡಿ ಆ ಭಾಷೆಯ ಹುಚ್ಚು ಹಿಡೀತು. ಕ್ವೆನ್ಯಾಗೆ ಮಾದರಿ ಫಿನ್ನಿಷ್. ಮುಂದೆ ಆಕ್ಸ್‌ಫರ್ಡಲ್ಲಿ 1925ರಿಂದ 1959ರ ತನಕ ಪ್ರೊಫೆಸರ್ ಆಗಿದ್ದವರು, ಹಳೇ ಇಂಗ್ಲಿಷ್ ಅವರ ಕಸುಬು. ಭಾಷೆ ಮೊದಲು ಹುಟ್ಟಿತು, ಆ ಭಾಷೆ ಆಡೋರಿಗೊಂದು ಲೋಕ ಬೇಕು ಅಂತ ಕಥೆ ಬರೆದಿದ್ದು ಅಂತ ಅವರೇ ಹೇಳ್ಕೊಂಡಿದ್ದಾರೆ.

ಕ್ರಿಯಾಪದ ನೋಡಿ, 'ಲಿನ್ನಥೋನ್' ಅಂದ್ರೆ 'ಹಾಡುವೆನು'. 'ನಾನು' ಅಂತ ಬೇರೆ ಪದ ಬೇಡ, ಕೊನೇ 'ನ್' ಒಳಗೇ ನಾನು ಇದೆ. ಇಂಗ್ಲಿಷ್‌ಗೆ ಇದು ಮೂರು ಪದ, ಕನ್ನಡಕ್ಕೆ ಒಂದೇ.

ಪ್ರಶ್ನೆ (ಶಿವಮೊಗ್ಗದಿಂದ, ಅನುವಾದ ಮಾಡೋ ಆಸೆ ಇರೋರು): ಕನ್ನಡಕ್ಕೆ ತರುವಾಗ ಎಲ್ಬೆರೆಥ್‌ಗೆ "ನೀನು" ಅನ್ನಬೇಕಾ "ನೀವು" ಅನ್ನಬೇಕಾ?

ಉತ್ತರ: ಮೂಲದಲ್ಲಿ 'ಲೆ' ಅನ್ನೋ ಪದ ಇದೆ. ಅದು ಗೌರವದ ರೂಪ, ಕ್ವೆನ್ಯಾದಿಂದ ಬಂದಿದ್ದು ಅಂತ ಟೋಲ್ಕಿನ್ ಟಿಪ್ಪಣಿ ಇದೆ. ಅದನ್ನ ನೋಡಿದ್ರೆ "ನೀವು" ಸರಿ ಅನ್ಸುತ್ತೆ, ನಾನೂ ಮೊದಲು ಹಾಗೇ ಬರೆದಿದ್ದೆ. ಓದಿದ್ರೆ ಯಾರೋ ದೊಡ್ಡ ಮನುಷ್ಯರಿಗೆ ಅರ್ಜಿ ಕೊಟ್ಟ ಹಾಗಿತ್ತು. ನಮ್ಮಲ್ಲಿ ದೇವರ ಹತ್ರ ಎಷ್ಟು ಭಯಭಕ್ತಿ ಇದ್ರೂ ಮಾತು ಏಕವಚನದಲ್ಲೇ, ದಾಸರು ವಿಠಲನ ಹತ್ರ ಜಗಳ ಆಡೋದೂ "ನೀನು" ಅಂತಲೇ, ವಚನಗಳಲ್ಲಂತೂ ಒಂದು ಕಡೆ "ನೀನು", ಇನ್ನೊಂದು ಕಡೆ "ನಿಮ್ಮ" ಅಂತ ಎರಡೂ ಬರುತ್ತೆ. ಅದಕ್ಕೆ ನನ್ನ ಅಭಿಪ್ರಾಯ "ನಿನಗೆ ಹಾಡುವೆ" ಅಂತಲೇ ಇರಲಿ, ಗೌರವವನ್ನ 'ತಾಯಿ' ಅನ್ನೋ ಕರೆ ಹೊತ್ಕೊಳ್ಳುತ್ತೆ. ಟೋಲ್ಕಿನ್ ಕೂಡ ಇಂಗ್ಲಿಷಿಗೆ ತರುವಾಗ ಹಳೇ ಏಕವಚನವನ್ನೇ ಹಾಕಿರೋದು.

ಇನ್ನೊಂದು ಎಚ್ಚರಿಕೆ. ಅವರ ಇಂಗ್ಲಿಷ್ ಪದ್ಯದಲ್ಲಿ ಕೊನೇಲಿ "ಕಡಲಾಚೆ" ಅಂತ ಬರುತ್ತೆ, ಪದಕ್ಕೆ ಪದ ಅರ್ಥದಲ್ಲಿ "ಕಡಲಿನ ಈ ಕಡೆ" ಅಂತ ಇದೆ. ಎಲ್ಬೆರೆಥ್ ಇರೋ ಕಡೆಯಿಂದ ನೋಡಿದ್ರೆ ಹಾಡೋರು ಆಚೆ, ಹಾಡೋರಿಗೆ ಅದು ಈಚೆ. ಇಂಗ್ಲಿಷ್ ಪದ್ಯ ನೋಡಿ ಅನುವಾದ ಮಾಡಿದ್ರೆ ಹಾಡೋರನ್ನ ತಪ್ಪು ದಡದಲ್ಲಿ ನಿಲ್ಲಿಸಿಬಿಡ್ತೀರಿ, ದಯವಿಟ್ಟು ಪದ ಪದದ ಅರ್ಥ ಇಟ್ಕೊಂಡೇ ಮಾಡಿ.

ಪ್ರಶ್ನೆ (ಬೆಂಗಳೂರು): ಉಚ್ಚಾರಣೆ ಹೇಗೆ? ಟೋಲ್ಕಿನ್ ದನೀಲಿ ಕೇಳೋಕೆ ಸಿಗುತ್ತಾ?

ಉತ್ತರ: ಎಲ್ಬೆರೆಥ್ ಅನ್ನೋದರ ಕೊನೇ ಥ್ ನಮ್ಮ ಮಹಾಪ್ರಾಣ ಅಲ್ಲ, ಇಂಗ್ಲಿಷಿನ 'ಥಿಂಕ್' ಅಲ್ಲಿ ನಾಲಿಗೆ ಹಲ್ಲಿನ ಮಧ್ಯ ಬರುತ್ತಲ್ಲ ಆ ಶಬ್ದ. ರ ಮಾತ್ರ ನಮ್ಮ ಹಾಗೇ ಸ್ಪಷ್ಟವಾಗಿ ಉರುಳಬೇಕು. ಒತ್ತು 'ಎಲ್' ಮೇಲೆ, ಗಿಲ್ಥೋನಿಯೆಲ್‌ನಲ್ಲಿ 'ಥೋ' ಮೇಲೆ. 1967ರಲ್ಲಿ ಬಂದ ಗ್ರಾಮಫೋನ್ ರೆಕಾರ್ಡಲ್ಲಿ ಟೋಲ್ಕಿನ್ ತಾವೇ ಈ ಸ್ತುತಿ ಓದಿದ್ದಾರೆ, ಸ್ವಾನ್ ರಾಗ ಹಾಕಿದ ಹಾಡುಗಳೂ ಅದರಲ್ಲಿವೆ, ಬಿಲ್ಬೋ ಬೆಂಕಿ ಮುಂದೆ ಕೂತು ಹಾಡೋ ಹಾಡಿನ ಒಳಗೆ ಈ ಸ್ತುತಿ ಬರುತ್ತೆ.

ಪ್ರಶ್ನೆ (ಕಲಬುರಗಿಯಿಂದ): ನೀವು ಸ್ಯಾಮ್ ಬಗ್ಗೆ ಹೋದ ಸಲ ಅರ್ಧಕ್ಕೇ ನಿಲ್ಲಿಸಿದ್ರಿ. ಅವನಿಗೆ ಎಲ್ಫ್ ಭಾಷೆ ಎಲ್ಲಿಂದ ಬಂತು?

ಉತ್ತರ: ಬರ್ತಿರ್ಲಿಲ್ಲ, ಅದೇ ಆ ಜಾಗದ ಶಕ್ತಿ. ಸ್ಯಾಮ್ ತೋಟದ ಕೆಲಸ ಮಾಡೋನು. ಗುಹೆ ದಾಟಿ ಹೊರಗೆ ಬಂದ ಮೇಲೆ ಷೆಲೋಬ್ ಅನ್ನೋ ದೈತ್ಯ ಜೇಡ ಫ್ರೋಡೋನ ಕುಟುಕಿ ಬೀಳಿಸಿದೆ, ಜೇಡ ಮತ್ತೆ ಮೇಲೆ ಎರಗೋಕೆ ಬರ್ತಿದೆ. ಎದೆ ಹತ್ರ ಇಟ್ಕೊಂಡಿದ್ದ ಬೆಳಕಿನ ಸೀಸೆ ಕೈಗೆ ತಗೋತಾನೆ, ಆಗ ಅವನಿಗೆ ತನ್ನೂರ ಕಾಡಲ್ಲಿ ಎಲ್ಫ್‌ಗಳು ಹಾಡಿದ್ದು, ಎಲ್ರಾಂಡ್ ಮನೆಯ ಬೆಂಕಿಯ ಹಜಾರದಲ್ಲಿ ಕೇಳಿದ್ದು ನೆನಪಾಗುತ್ತೆ, ಬಾಯಿ ಬಿಚ್ಚಿದ್ರೆ ಬಾರದ ಭಾಷೇಲಿ ನಾಲ್ಕು ಸಾಲು ಬರುತ್ತೆ: ಆಕಾಶದಿಂದ ದೂರ ನೋಡ್ತಿರೋಳೇ, ಸಾವಿನ ನೆರಳಿನ ಕೆಳಗಿಂದ ನಿನ್ನ ಕೂಗ್ತಿದೀನಿ, ನನ್ನ ಕಡೆ ನೋಡು. ಸೀಸೆ ನಕ್ಷತ್ರದ ಹಾಗೆ ಉರಿಯುತ್ತೆ.

ಶುರುವಲ್ಲೇ ಒಂದು ಸುಳಿವು ಇತ್ತು. ವೆದರ್‌ಟಾಪ್ ಗುಡ್ಡದ ಮೇಲೆ ಫ್ರೋಡೋ ಇದೇ ಹೆಸರು ಕೂಗಿ ಕತ್ತಿ ಬೀಸಿದ್ದ, ನಿನ್ನ ಕತ್ತಿಗಿಂತ ಆ ಹೆಸರೇ ಶತ್ರುವಿಗೆ ಹೆಚ್ಚು ತಾಗಿದ್ದು ಅಂತ ಆಮೇಲೆ ಆರಗಾರ್ನ್ ಹೇಳ್ತಾನೆ. ಹಜಾರದಲ್ಲಿ ಅರ್ಥ ಗೊತ್ತಿಲ್ಲದೆ ಕೇಳಿಸ್ಕೊಂಡ ಹಾಡು ಸ್ಯಾಮ್ ಒಳಗೆ ಎಲ್ಲೋ ಕೂತಿತ್ತು, ಬೇಕಾದ ಹೊತ್ತಿಗೆ ಎದ್ದು ಬಂತು. ನಾನು ಆ ಪುಟ ಮೊದಲ ಸಲ ಓದಿದ್ದು ರಾತ್ರಿ ಬಸ್ಸಲ್ಲಿ, ಮೊಬೈಲ್ ಟಾರ್ಚ್ ಹಾಕ್ಕೊಂಡು, ಕಣ್ಣೀರು ನಿಲ್ಲಲಿಲ್ಲ.

ಪ್ರಶ್ನೆ (ಹಾಸನದಿಂದ, ಸೆಕೆಂಡ್ ಪಿಯುಸಿ): ಸರ್, ನಾನು ಕನ್ನಡದಲ್ಲಿ ಒಂದು ಫ್ಯಾಂಟಸಿ ಕಾದಂಬರಿ ಬರೀತಿದೀನಿ. ಅದರಲ್ಲಿ ಪಟ್ಟಾಭಿಷೇಕಕ್ಕೆ ಒಂದು ಸ್ತುತಿ ಬೇಕು. ಸಂಸ್ಕೃತ ಪದ ಸೇರಿಸಿ ಬರೆದ್ರೆ ಮಾಮೂಲಿ ಶ್ಲೋಕದ ಹಾಗಾಗುತ್ತೆ. ಹೇಗೆ ಶುರು ಮಾಡ್ಲಿ?

ಉತ್ತರ: ತಮ್ಮಾ, ಮೊದಲು ಹಾಡೋನು ಎಲ್ಲಿ ನಿಂತಿದ್ದಾನೆ, ಯಾವ ಕಡೆ ಮುಖ ಮಾಡಿದ್ದಾನೆ ಅದನ್ನ ತೀರ್ಮಾನ ಮಾಡು. ರಿವೆಂಡೆಲ್ ಹಾಡು ನಿಂತಿರೋದೇ ಆ ಒಂದು ದಡದ ಮೇಲೆ. ನಿನ್ನ ರಾಜ್ಯದ ಜನ ಏನು ಕಳ್ಕೊಂಡಿದ್ದಾರೆ, ಬರಗಾಲನಾ, ಮುಳುಗಿ ಹೋದ ಊರಾ, ಪಟ್ಟಾಭಿಷೇಕದ ದಿನ ಅದು ಅವರ ನೆನಪಿಗೆ ಬರುತ್ತಾ? ಅದು ಸಿಕ್ಕಿದ್ರೆ ಹೊಗಳಿಕೆ ತಾನಾಗೇ ಬರುತ್ತೆ, ಬರೀ ಹೊಗಳಿಕೆ ಬರೆಯೋಕೆ ಹೋದ್ರೆ ನಾಲ್ಕು ಸಾಲಿಗೆ ಸಾಕಾಗಿ ಹೋಗುತ್ತೆ.

ಎರಡನೇದು, ಹಳೇದನ್ನ ಓದು. ಟೋಲ್ಕಿನ್‌ಗೆ ಕಿಡಿ ಹತ್ತಿದ್ದು ಒಂದು ಹಳೇ ಸ್ತುತಿಯಿಂದಲೇ. ಇಂಗ್ಲೆಂಡಿನ ಎಕ್ಸೆಟರ್ ಚರ್ಚಲ್ಲಿರೋ ಸಾವಿರ ವರ್ಷ ಹಳೇ ಹಸ್ತಪ್ರತೀಲಿ ಕ್ರಿಸ್ತನ ಮೇಲೊಂದು ಪದ್ಯ ಇದೆ, ಅದರಲ್ಲಿ ದೇವದೂತರಲ್ಲೆಲ್ಲ ಹೆಚ್ಚು ಹೊಳೆಯೋ ಎಯಾರೆಂಡೆಲ್ ಅಂತ ಒಂದು ಹೆಸರು ಬರುತ್ತೆ, ಮನುಷ್ಯರು ಇರೋ ನೆಲಕ್ಕೆ ನಡುನಾಡು ಅನ್ನೋ ಪದನೂ ಅಲ್ಲೇ ಇದೆ. 1914ರಲ್ಲಿ, ಇಪ್ಪತ್ತೆರಡು ವರ್ಷದ ಹುಡುಗ, ಆ ಒಂದು ಹೆಸರು ಹಿಡ್ಕೊಂಡು ಒಂದು ಪದ್ಯ ಬರೆದ. ಆಮೇಲೆ ಆ ಹೆಸರಿನವನು ನಕ್ಷತ್ರ ಹೊತ್ತು ಆಕಾಶದಲ್ಲಿ ಹಡಗು ನಡೆಸೋ ನಾವಿಕನಾದ, ಸ್ಯಾಮ್ ಕೈಲಿದ್ದ ಸೀಸೆಯ ಬೆಳಕು ಅವನದೇ. ನಿನಗೆ ಹಳಗನ್ನಡ ಇದೆ, ಶಾಸನಗಳಿವೆ, ಊರ ಹೆಸರುಗಳಿವೆ. ಕಿವಿಗೆ ಕಚ್ಚಿಕೊಳ್ಳೋ ಒಂದು ಪದ ಹುಡುಕು ಸಾಕು.

ಮೂರನೇದು ಛಂದಸ್ಸು. ಆ ಹಾಡಲ್ಲಿ ಪ್ರಾಸ ಸಾಲಿನ ಕೊನೇಲಿದೆ, ಗಿಲ್ಥೋನಿಯೆಲ್, ಮೀರಿಯೆಲ್ ಅಂತ. ನಮ್ಮ ಹಳೇ ಕಾವ್ಯದಲ್ಲಿ ಪ್ರಾಸ ಸಾಲಿನ ಎರಡನೇ ಅಕ್ಷರದಲ್ಲಿ ಕೂತಿರುತ್ತೆ, ಬಾಯಿ ತೆರೆದ ಕೂಡ್ಲೇ ಸಿಗುತ್ತೆ. ಕಟ್ಟಿದ ಭಾಷೇಲಿ ಆ ಎರಡನೇ ಅಕ್ಷರದ ಪ್ರಾಸ ಇಟ್ಟು ನೋಡು, ಅರ್ಥ ಗೊತ್ತಿಲ್ಲದಿದ್ರೂ ಕನ್ನಡದ ಕಿವಿ ಇದು ನಮ್ಮದು ಅಂತ ಗುರುತು ಹಿಡಿಯುತ್ತೆ. ತ್ರಿಪದಿ ಲಯದಲ್ಲಿ ಬರೆದ್ರೆ ಜನ ಒಟ್ಟಿಗೆ ಹಾಡೋಕೂ ಸುಲಭ. ಸಂಧಿ ನಿಯಮ ಒಂದೋ ಎರಡೋ ಇಟ್ಕೋ, ಆದ್ರೆ ಇಟ್ಟ ಮೇಲೆ ಮುರೀಬೇಡ.

ಮೊದಲ ನಾಲ್ಕು ಸಾಲು ಬರೆದಾದ ಮೇಲೆ ನನಗೆ ಕಳಿಸು. ಅರ್ಥವನ್ನ ಬೇರೆ ಹಾಳೇಲಿ ಬರೆದು ಮಡಚಿ ಅದೇ ಕವರಲ್ಲಿ ಹಾಕು, ಮೊದಲು ಹಾಡು ಜೋರಾಗಿ ಓದಿ, ಆಮೇಲೆ ಅದನ್ನ ಬಿಚ್ಚಿ ನೋಡ್ತೀನಿ.